'ಚೇಟ್ಟ' ಎಂದರೆ ಅಣ್ಣನೇ ಆಗಬೇಕಿಲ್ಲ

ಮಲಯಾಳಂ ಸಿನಿಮಾಕ್ಕೆ ಕನ್ನಡ ಸಬ್‌ಟೈಟಲ್ ಬರೆಯುವವರು ಮೊದಲು ಎಡವುವುದು ಕರೆಯುವ ಪದಗಳಲ್ಲಿ. 'ಚೇಟ್ಟ' ಎಂದರೆ ಅಣ್ಣ, ನಿಜ. ಆದರೆ ಹೆಂಡತಿ ಗಂಡನನ್ನು ಕರೆಯುವುದೂ ಹಾಗೆಯೇ. ಅಲ್ಲಿ 'ಅಣ್ಣಾ' ಎಂದು ಹಾಕಿದರೆ ದೃಶ್ಯವೇ ಕೆಟ್ಟಿತು. 'ರೀ' ಎಂದರೆ ಸಾಕು.

ಇದಕ್ಕಿಂತ ದೊಡ್ಡ ತೊಡಕು ಇನ್ನೊಂದಿದೆ. ಕೇರಳದಲ್ಲಿ ಆ ಒಂದು ಪದ ಮನುಷ್ಯನ ಸೀಮೆ, ಸಮುದಾಯ ಎರಡನ್ನೂ ಹೇಳಿಬಿಡುತ್ತದೆ. ಮಲಬಾರಿನ ಹಿಂದೂ ಮನೆಗಳಲ್ಲಿ 'ಏಟ್ಟ', ಮುಸ್ಲಿಮರಲ್ಲಿ 'ಇಕ್ಕ', ಕೋಟ್ಟಯಂ ಕಡೆಯ ಸಿರಿಯನ್ ಕ್ರೈಸ್ತರಲ್ಲಿ 'ಅಚ್ಚಾಯನ್'. ಪಾತ್ರದ ಹೆಸರು ಗೊತ್ತಾಗುವ ಮೊದಲೇ ಮಲಯಾಳಿ ಪ್ರೇಕ್ಷಕರಿಗೆ ಅದರ ಹಿನ್ನೆಲೆ ತಿಳಿದಿರುತ್ತದೆ. ಎಲ್ಲಕ್ಕೂ 'ಅಣ್ಣ' ಎಂದು ಬರೆದರೆ ಆ ಸಮಾಜವೇ ಅಳಿಸಿಹೋಗುತ್ತದೆ. ಇಕ್ಕ, ಅಚ್ಚಾಯನ್ ಹಾಗೇ ಇರಲಿ. ಕಿವಿಗೆ ಬಿದ್ದ ಪದವೇ ಕಣ್ಣಿಗೂ ಕಂಡರೆ ಎರಡನೇ ಸಲಕ್ಕೆ ನೋಡುಗರಿಗೆ ತಾನಾಗಿ ತಿಳಿಯುತ್ತದೆ.

'ತಾನ್' ಇನ್ನೂ ನಾಜೂಕಿನದು. ಅದು ನೀನೂ ಅಲ್ಲ, ನೀವೂ ಅಲ್ಲ. ಗೆಳೆಯರ ನಡುವೆ ಸಲಿಗೆ, ಅಪರಿಚಿತರ ನಡುವೆ ಸಿಡುಕು. 2022ರ 'ನ್ನಾ ತಾನ್ ಕೇಸ್ ಕೊಡ್' ಚಿತ್ರದ ಹೆಸರಿನಲ್ಲೇ ಅದಿದೆ. ರಸ್ತೆಗುಂಡಿಯ ದೆಸೆಯಿಂದ ನಾಯಿ ಕಚ್ಚಿಸಿಕೊಂಡ ಹಳೇ ಕಳ್ಳನೊಬ್ಬ ಮಂತ್ರಿಯನ್ನೇ ಕೋರ್ಟಿಗೆ ಎಳೆಯುವ ಕಥೆ. 'ಕೇಸ್ ಹಾಕಿ' ಎಂದರೆ ಸಪ್ಪೆ, 'ಹಾಕೋ' ಎಂದರೆ ಒರಟು. 'ಹಂಗಾದ್ರೆ ಕೇಸ್ ಹಾಕಯ್ಯ' ಎಂದರೆ ಹತ್ತಿರ ಬರುತ್ತದೆ. ಚಿತ್ರದ ಮಾತು ಕಾಸರಗೋಡಿನದು. ಅದನ್ನು ಧಾರವಾಡದ ಕನ್ನಡಕ್ಕೋ ಮಂಡ್ಯದ ಕನ್ನಡಕ್ಕೋ ತಿರುಗಿಸಿದರೆ ಪಾತ್ರಗಳು ಊರು ಬಿಟ್ಟುಬಂದಂತಾಗುತ್ತದೆ. ಸರಳ ಆಡುಮಾತೇ ಮೇಲು.

ಆದರೆ ಕೆಲವು ಕಡೆ ನಮ್ಮಲ್ಲೇ ಪದ ಸಿದ್ಧವಿರುತ್ತದೆ. ಅಡೂರ್ ಗೋಪಾಲಕೃಷ್ಣನ್ ಅವರ 'ಎಲಿಪ್ಪತ್ತಾಯಂ' (1981) ಕುಸಿಯುತ್ತಿರುವ ನಾಯರ್ ತರವಾಡಿನ, ಅಂದರೆ ತಾಯಿಯ ಕಡೆಯಿಂದ ಸಾಗುವ ಮನೆತನದ ಕಥೆ. ಕುರ್ಚಿ ಬಿಟ್ಟೇಳದ ಉಣ್ಣಿ, ಅವನ ಸೇವೆಯಲ್ಲಿ ಸವೆಯುವ ತಂಗಿ ರಾಜಮ್ಮ, ಪಾಲು ಕೇಳಲು ಬರುವ ಅಕ್ಕ ಜಾನಮ್ಮ. ತರವಾಡಿಗೆ 'ಕೂಡು ಕುಟುಂಬ' ಎಂದು ಬರೆದರೆ ನೋಡುಗರ ಕಣ್ಣಿಗೆ ಜಾನಮ್ಮ ತವರಿನ ಆಸ್ತಿಗೆ ಬಾಯಿಬಿಡುವ ಆಸೆಬುರುಕಿಯಾಗುತ್ತಾಳೆ. ಮಾತೃವಂಶೀಯ ಪದ್ಧತಿಯಲ್ಲಿ ಮನೆತನ ಸಾಗುವುದೇ ಹೆಣ್ಣಿನ ಕಡೆಯಿಂದ; ಅವಳು ಕೇಳುತ್ತಿರುವುದು ತನ್ನದನ್ನೇ. ಕೇರಳದಲ್ಲಿ ಕೂಡು ಕುಟುಂಬ ಪದ್ಧತಿಯನ್ನು ರದ್ದುಮಾಡುವ 1975ರ ಕಾನೂನು ಜಾರಿಗೆ ಬಂದದ್ದು 1976ರಲ್ಲಿ, ಚಿತ್ರಕ್ಕಿಂತ ಕೆಲವೇ ವರ್ಷ ಮುಂಚೆ. ಇಂಥದೇ ಹೆಣ್ಣಿನ ಕಡೆಯ ಪದ್ಧತಿಯಾದ ಅಳಿಯಸಂತಾನ ಕಂಡ ಕರಾವಳಿಯವರಿಗೆ 'ತರವಾಡು ಮನೆ' ಮನೆಮಾತು. ಅದನ್ನೇ ಬರೆಯಬೇಕು. ಇರುವುದು ಎರಡು ಸಾಲು, ಕೆಲವು ಸೆಕೆಂಡು. ಟಿಪ್ಪಣಿಗೆ ಜಾಗವಿಲ್ಲ, ಸರಿಯಾದ ಪದವೇ ಆ ಕೆಲಸ ಮಾಡಬೇಕು.

'ಸುಡಾನಿ ಫ್ರಮ್ ನೈಜೀರಿಯಾ'ದಲ್ಲಿ (2018) ನೈಜೀರಿಯಾದ ಆಟಗಾರನನ್ನು ಊರವರು 'ಸುಡಾನಿ' ಎನ್ನುತ್ತಾರೆ. ಅದನ್ನು ತಿದ್ದಬಾರದು. ಮಲಪ್ಪುರಂನ ಸೆವೆನ್ಸ್ (ತಂಡಕ್ಕೆ ಏಳು ಜನರ) ಫುಟ್‌ಬಾಲ್ ಮೈದಾನಗಳಲ್ಲಿ ಆಫ್ರಿಕಾದ ಆಟಗಾರರೆಲ್ಲ ಸುಡಾನಿಗಳೇ. ಆ ತಪ್ಪಿನಲ್ಲೇ ಊರಿನ ಅಕ್ಕರೆಯೂ ಅಜ್ಞಾನವೂ ಒಟ್ಟಿಗಿವೆ.

ಜಿಯೋ ಬೇಬಿ ಅವರ 'ದಿ ಗ್ರೇಟ್ ಇಂಡಿಯನ್ ಕಿಚನ್' (2021) ಮೇಲ್ನೋಟಕ್ಕೆ ಸುಲಭದ ಕೆಲಸ, ಮಾತೇ ಕಡಿಮೆ. ಆದರೂ ತಪ್ಪುವುದು ಇಲ್ಲೇ ಹೆಚ್ಚು. ಅನ್ನ ಕುಕ್ಕರಿನಲ್ಲಿ ಬೇಡ, ಸೌದೆ ಒಲೆಯಲ್ಲೇ ಆಗಬೇಕು ಎಂಬ ಮಾವ ಗದರುವುದಿಲ್ಲ. 'ಮೋಳೆ' ಎಂದು ಮಗಳಂತೆ ಕರೆದು ಮೆಲ್ಲಗೆ ಹೇಳುತ್ತಾನೆ. ಸಾಲು ಉಳಿಸಲು ಆ ಕರೆಯನ್ನು ಕತ್ತರಿಸಿದರೆ ಉಳಿಯುವುದು ಬರೀ ಅಪ್ಪಣೆ, ಮಾವ ಸಾಮಾನ್ಯ ಖಳನಾಗುತ್ತಾನೆ. ಸೊಸೆಯನ್ನು ಕಟ್ಟಿಹಾಕಿರುವುದು ಆ ಮೃದುತನವೇ. ಹಾಗಾಗಿ 'ಒಲೆಯಲ್ಲಿ ಬೇಯಿಸು' ಅಲ್ಲ. 'ಒಲೆಯಲ್ಲೇ ಬೇಯಿಸಿದ್ರೆ ಚೆನ್ನಾಗಿತ್ತಮ್ಮಾ'.