ಅಯೋಡಿನ್ ಓದುವ ಬಗೆ: ಅಯೋಡೈಡ್, ಅಯೋಡಿನ್, ಅಯೋಡೇಟ್

ಅಯೋಡಿನ್ ಪಾಠವನ್ನು ನಮ್ಮಲ್ಲಿ ಹೆಚ್ಚಿನವರು ಓದುವುದು ಪಟ್ಟಿಯಾಗಿ: ಕಂಡುಹಿಡಿದವರು ಯಾರು, ಬಣ್ಣ ಯಾವುದು, ಉಪಯೋಗಗಳು ಎಷ್ಟು. ಹೀಗೆ ಬಾಯಿಪಾಠ ಮಾಡಿದ್ದು ಪರೀಕ್ಷೆ ಮುಗಿದ ಮರುದಿನವೇ ಮರೆತುಹೋಗುತ್ತದೆ. ಈ ಧಾತುವಿಗೆ ಮೂರು ಮುಖ್ಯ ರೂಪಗಳಿವೆ. ಅಯೋಡೈಡ್‌ನಲ್ಲಿ ಅದರ ಉತ್ಕರ್ಷಣ ಸಂಖ್ಯೆ (ಪರಮಾಣು ಎಷ್ಟು ಎಲೆಕ್ಟ್ರಾನ್ ಕಳೆದುಕೊಂಡಿದೆ ಅಥವಾ ಗಳಿಸಿದೆ ಎಂಬ ಲೆಕ್ಕ; ಕಳೆದುಕೊಳ್ಳುವುದು ಉತ್ಕರ್ಷಣ, ಗಳಿಸುವುದು ಅಪಕರ್ಷಣ) –1, ಅಯೋಡಿನ್ ಅಣುವಿನಲ್ಲಿ 0, ಅಯೋಡೇಟ್‌ನಲ್ಲಿ +5. ಅಯೋಡಿನ್‌ನ ಇತಿಹಾಸವಾಗಲಿ, ಬಳಕೆಯಾಗಲಿ, ಬಹುಪಾಲು ಈ ಮೂರರ ನಡುವಿನ ಓಡಾಟವೇ. ಪ್ರತಿ ಸಂಗತಿಯಲ್ಲೂ ‘ಇಲ್ಲಿ ಎಲೆಕ್ಟ್ರಾನ್ ಯಾರ ಕೈಯಿಂದ ಯಾರ ಕೈಗೆ ಹೋಯಿತು’ ಎಂದು ಕೇಳುತ್ತಾ ಓದಿ ನೋಡಿ.

ಮೊದಲು ಪ್ಯಾರಿಸ್, 1811. ನೆಪೋಲಿಯನ್‌ನ ಯುದ್ಧಗಳ ಕಾಲ. ಸಿಡಿಮದ್ದಿಗೆ ಪೆಟ್ಲುಪ್ಪು (ಪೊಟ್ಯಾಸಿಯಮ್ ನೈಟ್ರೇಟ್) ಬೇಕು, ಅದನ್ನು ತಯಾರಿಸಲು ಸಸ್ಯಗಳ ಬೂದಿ ಬೇಕು. ಕಟ್ಟಿಗೆಯ ಬೂದಿ ಸಾಲದೆ ಬಂದಾಗ, ಪೆಟ್ಲುಪ್ಪು ತಯಾರಕನಾಗಿದ್ದ ಬರ್ನಾರ್ಡ್ ಕುರ್ಟ್ವಾ ಫ್ರಾನ್ಸಿನ ಕರಾವಳಿಯ ಕಡಲಕಳೆಯನ್ನು ಸುಟ್ಟ ಬೂದಿಯತ್ತ ತಿರುಗಿದ. ಬೇಕಾದ ಲವಣಗಳನ್ನು ಬೇರ್ಪಡಿಸಿದ ಮೇಲೆ ಉಳಿದದ್ದಕ್ಕೆ ಸಲ್ಫ್ಯೂರಿಕ್ ಆಮ್ಲ ಹಾಕುವುದು ರೂಢಿ. ಒಂದು ಸಲ ಆಮ್ಲ ಹೆಚ್ಚಾಯಿತು. ನೇರಳೆ ಬಣ್ಣದ ಹಬೆ ಎದ್ದು, ತಣ್ಣನೆಯ ಮೇಲ್ಮೈ ತಾಕಿದಲ್ಲೆಲ್ಲ ಕಪ್ಪಗೆ ಹೊಳೆಯುವ ಹರಳುಗಳಾಗಿ ಕೂತಿತು.

ಆ ಬೂದಿಯಲ್ಲಿ ಕ್ಲೋರೈಡ್ ಕೂಡ ಇತ್ತು. ಆದರೂ ಅದರಿಂದ ಕ್ಲೋರಿನ್ ಬರಲಿಲ್ಲ, ಅಯೋಡೈಡ್‌ನಿಂದ ಮಾತ್ರ ಅಯೋಡಿನ್ ಬಂತು. ಏಕೆ? ಅಯೋಡೈಡ್ ದೊಡ್ಡ ಅಯಾನು. ಅದರ ಹೊರಗಿನ ಎಲೆಕ್ಟ್ರಾನುಗಳು ನ್ಯೂಕ್ಲಿಯಸ್‌ನಿಂದ ದೂರದಲ್ಲಿದ್ದು, ಹಿಡಿತ ಸಡಿಲವಾಗಿರುತ್ತದೆ. ಸಾಂದ್ರ ಸಲ್ಫ್ಯೂರಿಕ್ ಆಮ್ಲ ಅವುಗಳಲ್ಲೊಂದನ್ನು ಸುಲಭವಾಗಿ ಕಸಿದುಕೊಳ್ಳುತ್ತದೆ. ಕ್ಲೋರೈಡ್‌ನಿಂದ ಹಾಗೆ ಕಸಿಯುವ ಶಕ್ತಿ ಅದಕ್ಕಿಲ್ಲ, ಅಲ್ಲಿ ಬರುವುದು ಹೈಡ್ರೋಜನ್ ಕ್ಲೋರೈಡ್ ಮಾತ್ರ. ‘ಹ್ಯಾಲೋಜನ್ ಗುಂಪಿನಲ್ಲಿ ಕೆಳಗಿಳಿದಂತೆ ಉತ್ಕರ್ಷಣ ಸಾಮರ್ಥ್ಯ ಕಡಿಮೆಯಾಗುತ್ತದೆ’ ಎಂಬ ಒಣ ವಾಕ್ಯಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ನನಗೆ ಬೇರೆ ಕಂಡಿಲ್ಲ.

ಸಂಶೋಧನೆ ಮುಂದುವರಿಸಲು ಕುರ್ಟ್ವಾನ ಬಳಿ ಹಣವಿರಲಿಲ್ಲ. ಮಾದರಿಗಳನ್ನು ಬೇರೆ ವಿಜ್ಞಾನಿಗಳಿಗೆ ಹಂಚಿದ. ಇದು ಹೊಸ ಧಾತು ಎಂದು 1813ರ ಕೊನೆಯಲ್ಲಿ ಗೇ-ಲ್ಯುಸಾಕ್ ಮತ್ತು ಪ್ಯಾರಿಸ್ಸಿಗೆ ಬಂದಿದ್ದ ಹಂಫ್ರಿ ಡೇವಿ ಹೆಚ್ಚುಕಡಿಮೆ ಒಂದೇ ವೇಳೆಗೆ ಸಾರಿದರು. ಕುರ್ಟ್ವಾ 1838ರಲ್ಲಿ ಬಡತನದಲ್ಲೇ ತೀರಿಕೊಂಡ. ಉತ್ತರಪತ್ರಿಕೆಯಲ್ಲಿ ಅವನ ಹೆಸರನ್ನಾದರೂ ತಪ್ಪದೆ ಬರೆಯೋಣ.

ಇನ್ನು ಗುಣಲಕ್ಷಣಗಳು. ಪರಮಾಣು ಸಂಖ್ಯೆ 53, ಪರಮಾಣು ರಾಶಿ 126.9. ‘ಅಯೋಡಿನ್ ಕರಗುವುದೇ ಇಲ್ಲ, ನೇರವಾಗಿ ಆವಿಯಾಗುತ್ತದೆ’ ಎಂದು ಅನೇಕ ಗೈಡುಗಳಲ್ಲಿದೆ. ಅದು ತಪ್ಪು. ಸಾಮಾನ್ಯ ವಾಯುಒತ್ತಡದಲ್ಲಿ ಅದು ಸುಮಾರು 114 ಡಿಗ್ರಿ ಸೆಲ್ಸಿಯಸ್‌ನಲ್ಲಿ ಕರಗಿ ದ್ರವವಾಗುತ್ತದೆ, 184 ಡಿಗ್ರಿಯಲ್ಲಿ ಕುದಿಯುತ್ತದೆ. ಕರಗುವ ಮುನ್ನವೇ ಅದರ ಆವಿಯ ಒತ್ತಡ ಸಾಕಷ್ಟಿರುವುದರಿಂದ ನಿಧಾನವಾಗಿ ಕಾಯಿಸಿದಾಗ ನೇರಳೆ ಆವಿ ಧಾರಾಳವಾಗಿ ಕಾಣುತ್ತದೆ, ಅಷ್ಟೇ. ಉತ್ಪತನಕ್ಕೆ (ಘನವಸ್ತು ದ್ರವವಾಗದೆ ಆವಿಯಾಗುವುದಕ್ಕೆ) ಅಯೋಡಿನ್ ಉದಾಹರಣೆ ಬರೆಯಿರಿ, ಆದರೆ ‘ದ್ರವರೂಪವೇ ಇಲ್ಲ’ ಎಂದು ಬರೆಯಬೇಡಿ. ನೀರಿನಲ್ಲಿ ಅದು ತೀರಾ ಕಡಿಮೆ ಕರಗುತ್ತದೆ. ಪೊಟ್ಯಾಸಿಯಮ್ ಅಯೋಡೈಡ್ ಸೇರಿಸಿದರೆ ಅಯೋಡೈಡ್ ಅಯಾನು ಅಯೋಡಿನ್ ಅಣುವಿನೊಡನೆ ಕೂಡಿ ಟ್ರೈಅಯೋಡೈಡ್ ಆಗುತ್ತದೆ, ಆಗ ಚೆನ್ನಾಗಿ ಕರಗುತ್ತದೆ.

ಆವರ್ತಕ ಕೋಷ್ಟಕದ ಪ್ರಶ್ನೆಯಲ್ಲೂ ಅಯೋಡಿನ್ ಮತ್ತೆ ಮತ್ತೆ ಬರುತ್ತದೆ. ಟೆಲ್ಲೂರಿಯಮ್‌ನ ಪರಮಾಣು ರಾಶಿ 127.6, ಅಂದರೆ ಅಯೋಡಿನ್‌ಗಿಂತ ಹೆಚ್ಚು. ರಾಶಿಯ ಕ್ರಮದಲ್ಲಿಟ್ಟರೆ ಅಯೋಡಿನ್ ಆಮ್ಲಜನಕ, ಗಂಧಕಗಳ ಸಾಲಿಗೆ ಹೋಗಬೇಕಿತ್ತು. ಕೋಷ್ಟಕವನ್ನು ರೂಪಿಸಿದ ಮೆಂಡಲೀವ್ ಗುಣಗಳನ್ನು ನಂಬಿ ಅದನ್ನು ಕ್ಲೋರಿನ್, ಬ್ರೋಮಿನ್ ಜೊತೆಗೇ ಇಟ್ಟ, ಟೆಲ್ಲೂರಿಯಮ್‌ನ ರಾಶಿಯನ್ನೇ ತಪ್ಪಾಗಿ ಅಳೆದಿದ್ದಾರೆ ಎಂದುಕೊಂಡ. ಅಳತೆ ಸರಿಯಾಗಿಯೇ ಇತ್ತು. ಕ್ರಮವನ್ನು ನಿರ್ಧರಿಸುವುದು ಪರಮಾಣು ಸಂಖ್ಯೆ ಎಂದು 1913ರಲ್ಲಿ ಮೋಸ್ಲೆಯ ಎಕ್ಸ್-ಕಿರಣ ಪ್ರಯೋಗಗಳು ತೋರಿಸಿದ ಮೇಲೆ ತೊಡಕು ಬಿಡಿಸಿಕೊಂಡಿತು: ಟೆಲ್ಲೂರಿಯಮ್ 52, ಅಯೋಡಿನ್ 53.

ಈಗ ಅಡುಗೆಮನೆಯ ಉಪ್ಪು. ಪಿಷ್ಟಕ್ಕೆ ಅಯೋಡಿನ್ ದ್ರಾವಣ ಬಿದ್ದರೆ ಕಡುನೀಲಿಯಾಗುತ್ತದೆ ಎಂದು ಶಾಲೆಯಲ್ಲೇ ಕಲಿತಿದ್ದೇವೆ. ಹಾಗಾದರೆ ಹೆಚ್ಚಿದ ಆಲೂಗಡ್ಡೆಗೆ ಅಯೋಡಿನ್‌ಯುಕ್ತ ಉಪ್ಪು ಸವರಿದಾಗ ನೀಲಿ ಬಣ್ಣ ಏಕೆ ಬರುವುದಿಲ್ಲ? ಉಪ್ಪಿನಲ್ಲಿರುವುದು ಅಯೋಡಿನ್ ಅಣುವಲ್ಲ, ಪೊಟ್ಯಾಸಿಯಮ್ ಅಯೋಡೇಟ್. ನಮ್ಮಂಥ ತೇವದ ಹವೆಯಲ್ಲಿ ಅಯೋಡೈಡ್ ಗಾಳಿಗೆ ಉತ್ಕರ್ಷಣಗೊಂಡು ಅಯೋಡಿನ್ ಆಗಿ ಹಾರಿಹೋಗುತ್ತದೆ. ಆಗಲೇ ಉತ್ಕರ್ಷಣಗೊಂಡಿರುವ ಅಯೋಡೇಟ್ ಹೆಚ್ಚು ಕಾಲ ನಿಲ್ಲುತ್ತದೆ.

ಅದನ್ನು ಅಳೆಯುವ ಪ್ರಯೋಗವನ್ನು ಒಮ್ಮೆ ಕೈಯಾರೆ ಮಾಡಲೇಬೇಕು. ಉಪ್ಪಿನ ದ್ರಾವಣಕ್ಕೆ ಆಮ್ಲ ಮತ್ತು ಹೆಚ್ಚುವರಿ ಪೊಟ್ಯಾಸಿಯಮ್ ಅಯೋಡೈಡ್ ಹಾಕಿದೊಡನೆ ದ್ರಾವಣ ಹಳದಿಗೆ ತಿರುಗುತ್ತದೆ. ಒಂದು ಅಯೋಡೇಟ್ ಐದು ಅಯೋಡೈಡ್‌ಗಳೊಂದಿಗೆ ವರ್ತಿಸಿ ಮೂರು ಅಯೋಡಿನ್ ಅಣುಗಳನ್ನು ಕೊಡುತ್ತದೆ. ಬ್ಯೂರೆಟ್‌ನಿಂದ ಸೋಡಿಯಮ್ ಥಯೋಸಲ್ಫೇಟ್ ಇಳಿಸುತ್ತಾ ಹೋದಂತೆ ಹಳದಿ ಮಾಸುತ್ತದೆ. ಅದು ತೀರಾ ತಿಳಿಹಳದಿಯಾದ ಮೇಲೆಯೇ ಪಿಷ್ಟ ಹಾಕಬೇಕು. ಮೊದಲೇ ಹಾಕಿದರೆ ಪಿಷ್ಟದ ಸುರುಳಿಯೊಳಗೆ ಸಿಕ್ಕಿಕೊಂಡ ಅಯೋಡಿನ್ ಬೇಗ ಬಿಡಿಸಿಕೊಳ್ಳದೆ ಅಂತ್ಯಬಿಂದು ತಪ್ಪುತ್ತದೆ. ಕೊನೆಯ ಹನಿಗೆ ನೀಲಿ ಪೂರ್ತಿ ಅಳಿದು ದ್ರಾವಣ ನೀರಿನಂತೆ ನಿಲ್ಲುತ್ತದೆ. ಲೆಕ್ಕ ಮಾಡುವಾಗ ಒಂದು ಎಚ್ಚರ: ಬಿಡುಗಡೆಯಾದ ಆರು ಅಯೋಡಿನ್ ಪರಮಾಣುಗಳಲ್ಲಿ ಉಪ್ಪಿನಿಂದ ಬಂದದ್ದು ಒಂದೇ, ಉಳಿದ ಐದು ನಾವು ಹಾಕಿದ ಅಯೋಡೈಡ್‌ನವು. ಆರರಿಂದ ಭಾಗಿಸುವುದನ್ನು ಮರೆತರೆ ಉತ್ತರ ಆರು ಪಟ್ಟು ಹಿಗ್ಗುತ್ತದೆ.

ಗ್ರಾಹಕರ ಕೈಸೇರುವ ಉಪ್ಪಿನಲ್ಲಿ ಕಿಲೋಗೆ ಕನಿಷ್ಠ 15 ಮಿಲಿಗ್ರಾಂ ಅಯೋಡಿನ್ ಇರಬೇಕು. ದಿನಕ್ಕೆ 10 ಗ್ರಾಂ ಉಪ್ಪು ತಿಂದರೆ 150 ಮೈಕ್ರೋಗ್ರಾಂ ಸಿಗುತ್ತದೆ, ವಯಸ್ಕರಿಗೆ ಬೇಕಾದದ್ದೂ ಅಷ್ಟೇ. ದೇಹದಲ್ಲಿ ಅಯೋಡೇಟ್ ಅಪಕರ್ಷಣಗೊಂಡು ಅಯೋಡೈಡ್ ಆಗುತ್ತದೆ. ಥೈರಾಯ್ಡ್ ಗ್ರಂಥಿ ಅದನ್ನು ಹೀರಿ, ಮತ್ತೆ ಉತ್ಕರ್ಷಿಸಿ, ಅಣುವೊಂದಕ್ಕೆ ನಾಲ್ಕು ಅಯೋಡಿನ್ ಪರಮಾಣುಗಳಿರುವ ಥೈರಾಕ್ಸಿನ್ ಎಂಬ ಹಾರ್ಮೋನು ತಯಾರಿಸುತ್ತದೆ. ಅಯೋಡಿನ್ ಸಾಲದಿದ್ದರೆ ಗ್ರಂಥಿ ಊದಿ ಗಳಗಂಡವಾಗುತ್ತದೆ, ಗರ್ಭಿಣಿಯಲ್ಲಿ ಕೊರತೆ ತೀವ್ರವಾದರೆ ಮಗುವಿನ ಮಿದುಳಿನ ಬೆಳವಣಿಗೆಯೇ ಕುಂಠಿತವಾಗುತ್ತದೆ. 1956ರಲ್ಲಿ ವೈದ್ಯವಿಜ್ಞಾನಿ ರಾಮಲಿಂಗಸ್ವಾಮಿ ಮತ್ತು ಸಂಗಡಿಗರು ಹಿಮಾಲಯದ ಕಾಂಗ್ರಾ ಕಣಿವೆಯಲ್ಲಿ ಕೆಲವು ಪ್ರದೇಶಗಳಿಗೆ ಅಯೋಡಿನ್ ಸೇರಿಸಿದ ಉಪ್ಪನ್ನೂ ಒಂದು ಪ್ರದೇಶಕ್ಕೆ ಸಾದಾ ಉಪ್ಪನ್ನೂ ಒದಗಿಸಿ ವರ್ಷಗಟ್ಟಲೆ ಗಮನಿಸಿದರು. ಅಯೋಡಿನ್ ಉಪ್ಪು ತಿಂದ ಕಡೆ ಗಳಗಂಡ ಗಣನೀಯವಾಗಿ ಇಳಿಯಿತು. 1962ರಲ್ಲಿ ರಾಷ್ಟ್ರೀಯ ಗಳಗಂಡ ನಿಯಂತ್ರಣ ಕಾರ್ಯಕ್ರಮ ಶುರುವಾಯಿತು. ನಮ್ಮ ದೇಶದ ನೆಲದಲ್ಲೇ ನಡೆದ ಇಂಥ ಕೆಲಸಕ್ಕೆ ಪಠ್ಯಗಳಲ್ಲಿ ಇನ್ನೂ ಹೆಚ್ಚು ಜಾಗ ಸಿಗಬೇಕು.

ಗಾಯಕ್ಕೆ ಹಚ್ಚುವ ಪೊವಿಡೋನ್-ಅಯೋಡಿನ್ ಎಲ್ಲರಿಗೂ ಗೊತ್ತು. ಅಲ್ಲಿ ಕ್ರಿಮಿಗಳನ್ನು ಕೊಲ್ಲುವುದು ಸ್ವಲ್ಪಸ್ವಲ್ಪವಾಗಿ ಬಿಡುಗಡೆಯಾಗುವ ಅಯೋಡಿನ್ ಅಣು. ಮೋಡಬಿತ್ತನೆಯಲ್ಲಿ ಬಳಸುವ ಸಿಲ್ವರ್ ಅಯೋಡೈಡ್ ಮಾತ್ರ ಎಲೆಕ್ಟ್ರಾನ್ ವಿನಿಮಯದ ಸೂತ್ರಕ್ಕೆ ಒಗ್ಗುವುದಿಲ್ಲ: ಅದರ ಹರಳಿನ ರಚನೆ ಮಂಜುಗಡ್ಡೆಯ ರಚನೆಗೆ ಹತ್ತಿರವಾಗಿರುವುದರಿಂದ, ಅತಿಶೀತ ಮೋಡದ ನೀರಹನಿಗಳು ಅದರ ಮೇಲೆ ಹೆಪ್ಪುಗಟ್ಟುತ್ತವೆ.

ಕೊನೆಯದಾಗಿ ವಿಕಿರಣಶೀಲ ಅಯೋಡಿನ್-131. ಇದರ ಅರ್ಧಾಯುಷ್ಯ (ಅರ್ಧದಷ್ಟು ಕ್ಷಯಿಸಲು ಬೇಕಾದ ಕಾಲ) ಸುಮಾರು 8 ದಿನ. ಥೈರಾಯ್ಡ್‌ಗೆ ಇದಕ್ಕೂ ಸಾಧಾರಣ ಅಯೋಡಿನ್‌ಗೂ ವ್ಯತ್ಯಾಸ ತಿಳಿಯುವುದಿಲ್ಲ, ಏಕೆಂದರೆ ಎರಡರ ಎಲೆಕ್ಟ್ರಾನ್ ವಿನ್ಯಾಸ ಒಂದೇ. 1986ರಲ್ಲಿ ಚೆರ್ನೋಬಿಲ್ ಅಣುವಿದ್ಯುತ್ ಸ್ಥಾವರ ಸಿಡಿದಾಗ ಪೋಲೆಂಡ್ ಸರ್ಕಾರ ಸುಮಾರು ಒಂದು ಕೋಟಿ ಮಕ್ಕಳಿಗೆ ಸಾಧಾರಣ ಅಯೋಡೈಡ್ ಕುಡಿಸಿದ್ದು, ಗ್ರಂಥಿ ಮೊದಲೇ ತುಂಬಿಕೊಂಡು ವಿಕಿರಣಶೀಲ ಅಯೋಡಿನ್‌ಗೆ ಜಾಗ ಕೊಡದಿರಲಿ ಎಂದು. ಥೈರಾಯ್ಡ್ ಕ್ಯಾನ್ಸರ್ ಚಿಕಿತ್ಸೆಯಲ್ಲಿ ವೈದ್ಯರು ಇದೇ ಗುಣವನ್ನು ತಿರುಗಿಸಿ ಬಳಸುತ್ತಾರೆ: ಶಸ್ತ್ರಚಿಕಿತ್ಸೆಯ ನಂತರ ಕೊಡುವ ಅಯೋಡಿನ್-131 ರಕ್ತದಲ್ಲಿ ಸುತ್ತಿ, ಅಳಿದುಳಿದ ಥೈರಾಯ್ಡ್ ಕೋಶಗಳೊಳಗೆ ಸೇರಿಕೊಂಡು ಅವನ್ನು ಒಳಗಿನಿಂದಲೇ ನಾಶಮಾಡುತ್ತದೆ.