ನಿರಪರಾಧಿತ್ವದ ಪೂರ್ವಭಾವನೆ: ಸಾಬೀತು ಮಾಡಬೇಕಾದವರು ಯಾರು?

ಒಬ್ಬರ ಮೇಲೆ ಅಪರಾಧದ ಆರೋಪ ಬಂದಿದೆ ಅಂತಿಟ್ಟುಕೊಳ್ಳಿ. ಕೋರ್ಟಿನಲ್ಲಿ ಅದು ಸಾಬೀತಾಗುವವರೆಗೆ ಕಾನೂನು ಅವರನ್ನು ನಿರಪರಾಧಿ ಎಂದೇ ನಡೆಸಿಕೊಳ್ಳಬೇಕು. ಸಾಬೀತು ಮಾಡುವ ಹೊಣೆ ಆರೋಪ ಹೊರಿಸಿದ ಸರ್ಕಾರದ್ದು. ‘ನಾನು ಮಾಡಿಲ್ಲ’ ಎಂದು ತೋರಿಸಿಕೊಡುವ ಹೊಣೆ ಆರೋಪಿಯ ಮೇಲಿಲ್ಲ. ಕಾನೂನಿನ ಪುಸ್ತಕಗಳಲ್ಲಿ ‘ನಿರಪರಾಧಿತ್ವದ ಪೂರ್ವಭಾವನೆ’ ಅನ್ನುವುದು ಇದಕ್ಕೇ.

ಓದುವಾಗ ಎಲ್ಲರೂ ಹೌದು ಅನ್ನುತ್ತಾರೆ. ಕಷ್ಟವಾಗುವುದು ನಮ್ಮ ಊರಲ್ಲೇ ಏನಾದರೂ ಘೋರ ನಡೆದಾಗ. 2025ರ ಏಪ್ರಿಲ್‌ನಲ್ಲಿ ಹುಬ್ಬಳ್ಳಿಯಲ್ಲಿ ಐದು ವರ್ಷದ ಹೆಣ್ಣುಮಗುವಿನ ಕೊಲೆಯಾಯಿತು. ಊರು ಕುದಿಯಿತು. ಜನ ಠಾಣೆಯ ಮುಂದೆ ಸೇರಿದರು. ಎನ್‌ಕೌಂಟರ್ ಮಾಡಿ ಎಂಬ ಕೂಗು ಎದ್ದಿತು. ಅದೇ ದಿನ ಆರೋಪಿ ಪೊಲೀಸರ ಗುಂಡಿಗೆ ಸತ್ತ. ಅವನು ಹಲ್ಲೆ ಮಾಡಿ ತಪ್ಪಿಸಿಕೊಳ್ಳಲು ನೋಡಿದ ಎಂದು ಪೊಲೀಸರು ಹೇಳಿದರು. ತನಿಖೆ ಸಿಐಡಿಗೆ ಹೋಯಿತು. ಊರಿನಲ್ಲಿ ಬಹಳ ಜನ ಸಂಭ್ರಮಪಟ್ಟರು.

ಆ ಮಗುವಿನ ಹೆತ್ತವರ ಸಂಕಟದ ಮುಂದೆ ಯಾವ ಕಾನೂನು ಪಾಠವೂ ಸಣ್ಣದೇ. ಜನರ ಸಿಟ್ಟೂ ಸುಳ್ಳಲ್ಲ. ಆದರೂ ಇದನ್ನು ಹೇಳಲೇಬೇಕು. ಮಾಡಿದವನು ಇವನೇನಾ, ಇವನೊಬ್ಬನೇನಾ, ಏನೇನು ನಡೆಯಿತು ಎಂದು ಕೋರ್ಟಿನಲ್ಲಿ ಕೇಳುವ ಅವಕಾಶವೇ ಆ ದಿನ ಹೋಯಿತು. ಸಿಸಿಟಿವಿ ದೃಶ್ಯ, ಡಾಕ್ಟರ ವರದಿ, ಕಂಡವರ ಮಾತು, ಇವನ್ನೆಲ್ಲ ಎದುರು ಪಕ್ಷದವರು ಪ್ರಶ್ನೆ ಕೇಳಿ ಉಜ್ಜಿ ನೋಡಿದ ಮೇಲೆ ಉಳಿಯುವುದೇ ಗಟ್ಟಿ ಸತ್ಯ. ಅದು ಆರೋಪಿಗಷ್ಟೇ ಅಲ್ಲ, ಆ ಮಗುವಿಗೂ ಸಲ್ಲಬೇಕಾಗಿತ್ತು. ತಪ್ಪು ಮನುಷ್ಯನನ್ನು ಹಿಡಿದರೆ ನಿಜವಾಗಿ ಮಾಡಿದವನು ಹೊರಗೆ ಓಡಾಡುತ್ತಿರುತ್ತಾನೆ. ಈ ಪ್ರಕರಣದಲ್ಲಿ ಹಾಗಾಗಿದೆ ಎಂದು ನಾನು ಹೇಳುತ್ತಿಲ್ಲ. ಹಾಗಾಗಿಲ್ಲ ಎಂದು ತೀರ್ಪು ಕೊಡುವ ದಾರಿ ಮುಚ್ಚಿಹೋಯಿತು ಎನ್ನುತ್ತಿದ್ದೇನೆ. ಪೊಲೀಸ್ ಗುಂಡಿಗೆ ಯಾರೇ ಸತ್ತರೂ ಎಫ್‌ಐಆರ್ ಆಗಬೇಕು, ಬೇರೆ ತಂಡ ತನಿಖೆ ಮಾಡಬೇಕು, ಮ್ಯಾಜಿಸ್ಟ್ರೇಟ್ ವಿಚಾರಣೆ ನಡೆಯಬೇಕು ಎಂದು ಸುಪ್ರೀಂ ಕೋರ್ಟ್ 2014ರಲ್ಲೇ ನಿಯಮ ಹಾಕಿದೆ.

‘ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು’ ಎನ್ನುವ ಗಾದೆ ನಮ್ಮಲ್ಲೇ ಇದೆ. ಕಣ್ಣಾರೆ ಕಂಡದ್ದನ್ನೂ ಪರೀಕ್ಷಿಸು ಎನ್ನುವ ಜನ ನಾವು. ಹಾಗಿದ್ದೂ ಇದು ಪರದೇಶದ ತತ್ವ, ಕಳ್ಳರಿಗೆ ಅನುಕೂಲ ಮಾಡಲು ತಂದದ್ದು ಎಂಬ ಮಾತು ಆಗಾಗ ಕಿವಿಗೆ ಬೀಳುತ್ತದೆ.

ಕೋರ್ಟುಗಳಲ್ಲಿ ಈ ತತ್ವ ಖಚಿತ ರೂಪ ಪಡೆದ ಒಂದು ಹಳೆಯ ಪ್ರಕರಣ ಇಂಗ್ಲೆಂಡಿನದು. ವುಲ್ಮಿಂಗ್ಟನ್ ಎಂಬ 21 ವರ್ಷದ ಕೂಲಿಯಾಳಿನ ಕೈಲಿದ್ದ ಬಂದೂಕಿನಿಂದ ಗುಂಡು ಹಾರಿ ಅವನ ಹೆಂಡತಿ ಸತ್ತಳು. ಅದು ಆಕಸ್ಮಿಕ ಎಂದು ಅವನು ಹೇಳಿದ. ಸಾವಿಗೆ ಇವನೇ ಕಾರಣ ಎಂದಾದ ಮೇಲೆ, ಆಕಸ್ಮಿಕ ಎಂದು ತೋರಿಸುವ ಭಾರವೂ ಇವನದೇ ಎಂದು ಕೆಳಗಿನ ಕೋರ್ಟ್ ಹೇಳಿತು. ಗಲ್ಲು ಶಿಕ್ಷೆಯಾಯಿತು. 1935ರಲ್ಲಿ ಅಲ್ಲಿನ ಆಗಿನ ಅತ್ಯುನ್ನತ ನ್ಯಾಯಾಲಯವಾದ ಹೌಸ್ ಆಫ್ ಲಾರ್ಡ್ಸ್ ಅದನ್ನು ರದ್ದು ಮಾಡಿತು. ಆರೋಪಿಯ ಅಪರಾಧವನ್ನು ಸಾಬೀತು ಮಾಡುವುದು ಸರ್ಕಾರದ ಕರ್ತವ್ಯ, ಇದು ನಮ್ಮ ಕ್ರಿಮಿನಲ್ ಕಾನೂನಿನ ಉದ್ದಕ್ಕೂ ಕಾಣುವ ಚಿನ್ನದ ಎಳೆ ಎಂದು ತೀರ್ಪಿನಲ್ಲಿ ಲಾರ್ಡ್ ಸ್ಯಾಂಕಿ ಬರೆದರು. 1948ರ ಡಿಸೆಂಬರ್ 10ರಂದು ವಿಶ್ವಸಂಸ್ಥೆ ಒಪ್ಪಿದ ಮಾನವ ಹಕ್ಕುಗಳ ಘೋಷಣೆಯ 11ನೇ ವಿಧಿಯಲ್ಲಿ ಇದೇ ಮಾತಿದೆ. ಇದನ್ನೇ ಹೇಳುವ ಇನ್ನೊಂದು ಅಂತಾರಾಷ್ಟ್ರೀಯ ಒಡಂಬಡಿಕೆಗೆ ಭಾರತ 1979ರಲ್ಲಿ ಸೇರಿತು.

ನಮ್ಮ ಸಂವಿಧಾನದಲ್ಲಿ ಈ ತತ್ವದ ಹೆಸರು ಎಲ್ಲೂ ಇಲ್ಲ. ಆದರೆ ಅದರ ಕೆಲಸವನ್ನು ಮೂರು ವಿಧಿಗಳು ಮಾಡುತ್ತವೆ. ತನ್ನ ವಿರುದ್ಧ ತಾನೇ ಸಾಕ್ಷಿ ಹೇಳುವಂತೆ ಯಾರನ್ನೂ ಒತ್ತಾಯಿಸುವಂತಿಲ್ಲ ಎನ್ನುತ್ತದೆ 20ನೇ ವಿಧಿ. ಜೀವ ಮತ್ತು ಸ್ವಾತಂತ್ರ್ಯವನ್ನು 21ನೇ ವಿಧಿ ಕಾಯುತ್ತದೆ. ಬಂಧಿಸಿದರೆ ಕಾರಣ ತಿಳಿಸಬೇಕು, ವಕೀಲರನ್ನು ಕಾಣಲು ಬಿಡಬೇಕು, ಪ್ರಯಾಣದ ಸಮಯ ಬಿಟ್ಟು 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟರ ಮುಂದೆ ನಿಲ್ಲಿಸಬೇಕು ಎಂಬುದು 22ನೇ ವಿಧಿ. ನಿರಪರಾಧಿ ಎಂದು ಭಾವಿಸಲ್ಪಡುವುದು ಒಂದು ಮಾನವ ಹಕ್ಕು ಎಂದು ಸುಪ್ರೀಂ ಕೋರ್ಟ್ 2004ರ ಒಂದು ತೀರ್ಪಿನಲ್ಲಿ ನೇರವಾಗಿಯೇ ಹೇಳಿತು. ರುಜುವಾತಿನ ಹೊಣೆಯ ನಿಯಮ 1872ರ ಸಾಕ್ಷ್ಯ ಕಾಯ್ದೆಯಲ್ಲೇ ಇತ್ತು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ಸಾಕ್ಷ್ಯ ಅಧಿನಿಯಮದಲ್ಲಿ ಅದು 104ನೇ ಕಲಮು.

20ನೇ ವಿಧಿಯ ಬಗ್ಗೆ ಒಂದು ಮಾತು ಜಾಸ್ತಿ ಹೇಳಬೇಕು, ಯಾಕೆಂದರೆ ಅದರ ದೊಡ್ಡ ತೀರ್ಪೊಂದು ಕರ್ನಾಟಕದ ಪ್ರಕರಣದಿಂದಲೇ ಬಂದದ್ದು. ಒಂದು ಕಾಲಕ್ಕೆ ಮಂಪರು ಪರೀಕ್ಷೆ ಅಂದರೆ ಬೆಂಗಳೂರು ಎನ್ನುವಂತಾಗಿತ್ತು. ಆರೋಪಿಗೆ ಔಷಧಿ ಚುಚ್ಚಿ, ಅರೆ ಎಚ್ಚರದಲ್ಲಿ ಪ್ರಶ್ನೆ ಕೇಳಿ, ಆ ವಿಡಿಯೊ ಟಿವಿಯಲ್ಲೂ ಬರುತ್ತಿತ್ತು. 2010ರ ಸೆಲ್ವಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದಕ್ಕೆ ತಡೆ ಹಾಕಿತು. ಒಪ್ಪಿಗೆ ಇಲ್ಲದೆ ಮಂಪರು ಪರೀಕ್ಷೆ, ಸುಳ್ಳು ಪತ್ತೆ ಪರೀಕ್ಷೆ, ಬ್ರೈನ್ ಮ್ಯಾಪಿಂಗ್ ಯಾವುದನ್ನೂ ಮಾಡುವಂತಿಲ್ಲ.

ಪತ್ರಿಕೆಯಲ್ಲಿ ‘ಆರೋಪಿ ತಪ್ಪೊಪ್ಪಿಕೊಂಡಿದ್ದಾನೆ’ ಎಂದು ಓದುತ್ತೇವೆ ಅಲ್ವಾ? ಪೊಲೀಸರ ಮುಂದೆ ಒಪ್ಪಿಕೊಂಡ ಮಾತನ್ನು ಅವನ ವಿರುದ್ಧ ಸಾಕ್ಷ್ಯವಾಗಿ ಬಳಸುವಂತಿಲ್ಲ. ಆ ಮಾತಿನಿಂದ ಚಾಕುವೋ ಒಡವೆಯೋ ಸಿಕ್ಕಿದರೆ, ಅದಕ್ಕೆ ನೇರ ಸಂಬಂಧಪಟ್ಟ ಭಾಗ ಮಾತ್ರ ನಡೆಯುತ್ತದೆ. ಠಾಣೆಯೊಳಗೆ ಒಪ್ಪಿಸುವ ದಾರಿಗಳು ಎಂಥವು ಎಂದು ಬ್ರಿಟಿಷರಿಗೂ ಗೊತ್ತಿತ್ತು. ಅದಕ್ಕೇ ಈ ನಿಯಮ ಅಷ್ಟು ಹಳೆಯದು. ಹಾಗಿದ್ದೂ ಸಾಲಾಗಿ ಕೂರಿಸಿದ ಆರೋಪಿಗಳ ಫೋಟೊ, ಮೇಲೆ ‘ಖತರ್ನಾಕ್ ಕಳ್ಳರ ಬಂಧನ’ ಎಂಬ ತಲೆಬರಹ ನಮ್ಮ ಕಡೆ ಇನ್ನೂ ನಿಂತಿಲ್ಲ. ಮುಂದೆ ಖುಲಾಸೆಯಾದರೆ ಅದು ಒಳಪುಟದ ಮೂಲೆಯಲ್ಲಿ ಬರುತ್ತದೆ, ಕೆಲವೊಮ್ಮೆ ಬರುವುದೂ ಇಲ್ಲ. ಇದು ನನಗೆ ಬಹಳ ನೋವು ಕೊಡುವ ಸಂಗತಿ. ಫೋಟೊದಲ್ಲಿದ್ದವನ ಮಕ್ಕಳು ಮರುದಿನ ಶಾಲೆಗೆ ಹೋಗಬೇಕಲ್ಲ.

ಸಾಬೀತು ಎಷ್ಟು ಗಟ್ಟಿಯಾಗಿರಬೇಕು? ನ್ಯಾಯವಾದ ಸಂಶಯಕ್ಕೆ ಎಡೆ ಇಲ್ಲದಷ್ಟು. ಸುಮ್ನೆ ಹುಟ್ಟಿಸಿದ ಸಂಶಯ ಲೆಕ್ಕಕ್ಕಿಲ್ಲ. ಆದರೆ ಅದೇ ಸಾಕ್ಷ್ಯದಿಂದ ಎರಡು ತೀರ್ಮಾನ ಸಾಧ್ಯವಿದ್ದರೆ, ಆರೋಪಿಗೆ ಅನುಕೂಲವಾದದ್ದನ್ನೇ ಕೋರ್ಟ್ ಹಿಡಿಯಬೇಕು. ಇದೇ ಸಂಶಯದ ಲಾಭ. ಒಮ್ಮೆ ಖುಲಾಸೆಯಾದರೆ ನಿರಪರಾಧಿ ಎಂಬ ಪೂರ್ವಭಾವನೆ ಇಮ್ಮಡಿ ಗಟ್ಟಿಯಾಗುತ್ತದೆ ಎಂದು 2007ರಲ್ಲಿ ಕರ್ನಾಟಕದ್ದೇ ಇನ್ನೊಂದು ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಹಾಗಾಗಿ ‘ಸಾಕ್ಷಿ ಸಿಗಲಿಲ್ಲ ಅಂತ ಬಿಟ್ಟರು, ಮಾಡಿರೋದು ಮಾತ್ರ ಅವನೇ’ ಎನ್ನುವ ಕಟ್ಟೆ ಮಾತಿಗೆ ಕಾನೂನಿನಲ್ಲಿ ಜಾಗವಿಲ್ಲ.

ಭಯೋತ್ಪಾದನೆಯ ಸಂಚು ನಡೆಸಿದ ಆರೋಪದ ಮೇಲೆ 2008ರಲ್ಲಿ ಬಂಧನಗಳಾದ ಪ್ರಕರಣದಲ್ಲಿ 17 ಮಂದಿಯನ್ನು ಹುಬ್ಬಳ್ಳಿಯ ಕೋರ್ಟ್ 2015ರಲ್ಲಿ ಖುಲಾಸೆ ಮಾಡಿತು. ಅವರಲ್ಲಿ ಓದುತ್ತಿದ್ದ ಹುಡುಗರೂ ಇದ್ದರು. ನಡುವೆ ಕಳೆದದ್ದು ಸುಮಾರು ಏಳು ವರ್ಷ. ಅದನ್ನು ಅವರಿಗೆ ಯಾರು ತಂದುಕೊಡುತ್ತಾರೆ?

2020ರ ಫೆಬ್ರವರಿಯದು ಇನ್ನೊಂದು ಕಥೆ. ಹುಬ್ಬಳ್ಳಿಯಲ್ಲಿ ದೇಶದ್ರೋಹದ ಆರೋಪದ ಮೇಲೆ ಮೂವರು ಕಾಶ್ಮೀರಿ ವಿದ್ಯಾರ್ಥಿಗಳ ಬಂಧನವಾಯಿತು. ಅವರ ಪರ ಯಾರೂ ವಕಾಲತ್ತು ಹಾಕಬಾರದು ಎಂದು ಅಲ್ಲಿನ ವಕೀಲರ ಸಂಘ ನಿರ್ಣಯ ಮಾಡಿತು. ಹೈಕೋರ್ಟ್ ಅದನ್ನು ಕಟುವಾಗಿ ಟೀಕಿಸಿತು. ಇಂಥ ನಿರ್ಣಯಗಳಿಗೆ ಬೆಲೆಯೇ ಇಲ್ಲ ಎಂದು ಸುಪ್ರೀಂ ಕೋರ್ಟ್ 2010ರಲ್ಲೇ ಹೇಳಿತ್ತು. ವಕೀಲರೇ ಇಲ್ಲದ ಆರೋಪಿಯನ್ನು ನಿರಪರಾಧಿ ಎಂದು ಭಾವಿಸಿ ಏನು ಪ್ರಯೋಜನ? ಎದುರಿನ ಸಾಕ್ಷಿಯನ್ನು ಪ್ರಶ್ನೆ ಕೇಳುವವರೇ ಇರುವುದಿಲ್ಲ. ಹತ್ತಾರು ವರ್ಷ ಹೋರಾಡಿ ಹೈಕೋರ್ಟ್ ಪೀಠವನ್ನು ಧಾರವಾಡಕ್ಕೆ ತಂದುಕೊಂಡ ನೆಲ ಇದು. 2008ರಲ್ಲಿ ಬಂದ ಸಂಚಾರಿ ಪೀಠ 2013ರಲ್ಲಿ ಕಾಯಂ ಆಯಿತು. ಗದಗ, ಹಾವೇರಿಯವರ ಜಾಮೀನು ಅರ್ಜಿಗಳೂ ಈಗ ಅಲ್ಲಿಗೇ ಹೋಗುತ್ತವೆ. ನ್ಯಾಯ ಹತ್ತಿರ ಬರಲಿ ಎಂದು ಬೀದಿಗಿಳಿದ ವಕೀಲರ ಪರಂಪರೆಗೆ ಆ ನಿರ್ಣಯ ಒಪ್ಪುವಂಥದ್ದಲ್ಲ ಎಂದೇ ನನ್ನ ಭಾವನೆ.

ಹಾಗಾದರೆ ನೊಂದವರು ಸುಳ್ಳು ಹೇಳುತ್ತಿದ್ದಾರೆ ಅಂತಲೇ? ಖಂಡಿತ ಅಲ್ಲ. ದೂರು ಗಂಭೀರ ಅಪರಾಧದ್ದಾಗಿದ್ದರೆ ಪೊಲೀಸರು ಎಫ್‌ಐಆರ್ ಹಾಕಲೇಬೇಕು, ಇದು 2013ರ ಸುಪ್ರೀಂ ಕೋರ್ಟ್ ತೀರ್ಪು. ದೂರನ್ನು ನಂಬಿ ಚೆನ್ನಾಗಿ ತನಿಖೆ ಮಾಡುವುದು ಪೊಲೀಸರ ಕೆಲಸ. ಶಿಕ್ಷೆ ಕೊಡುವ ಮುಂಚೆ ಸಾಬೀತು ಕೇಳುವುದು ಕೋರ್ಟಿನ ಕೆಲಸ. ಇವೆರಡೂ ಒಂದಕ್ಕೊಂದು ಅಡ್ಡ ಬರುವುದಿಲ್ಲ. ತನಿಖೆ ಕೆಟ್ಟು ಆರೋಪಿ ಬಿಡುಗಡೆಯಾದರೆ ಸಿಟ್ಟು ತನಿಖೆಯ ಮೇಲೆ ಬರಲಿ.

ಸಾಬೀತಿನ ಹೊಣೆ ಸರ್ಕಾರದ್ದೇ ಎಂಬ ನಿಯಮಕ್ಕೆ ಹೊರತಾದ ಜಾಗಗಳೂ ಇವೆ. ಚೆಕ್ ಬೌನ್ಸ್ ಅದರಲ್ಲಿ ಮೊದಲನೆಯದು. ಬ್ಯಾಡಗಿಯ ಮೆಣಸಿನಕಾಯಿ ವ್ಯಾಪಾರಿಗೂ ಹುಬ್ಬಳ್ಳಿಯ ಎಪಿಎಂಸಿ ದಲಾಲರಿಗೂ ಇದು ಗೊತ್ತಿರುವ ಪಾಡು. ಚೆಕ್ಕಿನ ಮೇಲಿನ ಸಹಿ ನಿಮ್ಮದಾದರೆ, ಅದನ್ನು ಸಾಲಕ್ಕಾಗಿಯೇ ಕೊಟ್ಟದ್ದು ಎಂದು ಕಾನೂನು ಭಾವಿಸುತ್ತದೆ. ಅಲ್ಲ ಎಂದು ನೀವೇ ತೋರಿಸಬೇಕು. ಆದರೆ ಸಂಶಯಾತೀತವಾಗಿ ತೋರಿಸಬೇಕಿಲ್ಲ, ನಂಬಬಹುದಾದಷ್ಟು ತೋರಿಸಿದರೆ ಸಾಕು. ಮಕ್ಕಳ ಮೇಲಿನ ಲೈಂಗಿಕ ದೌರ್ಜನ್ಯ, ವರದಕ್ಷಿಣೆ ಸಾವು ಇಲ್ಲೂ ಕಾನೂನು ಭಾರವನ್ನು ಸ್ವಲ್ಪ ವಾಲಿಸುತ್ತದೆ. ಅಲ್ಲೂ ಮೂಲ ಸಂಗತಿಗಳನ್ನು ಸರ್ಕಾರವೇ ಮೊದಲು ಸಾಬೀತು ಮಾಡಬೇಕು. ಭಯೋತ್ಪಾದನೆ ತಡೆಗೆಂದು ಇರುವ ಯುಎಪಿಎ ಕಾಯ್ದೆ ಮಾತ್ರ ಬೇರೆ ಬಗೆಯದು. ಪೊಲೀಸರ ಕಾಗದ ನೋಡಿ ಆರೋಪ ಮೇಲ್ನೋಟಕ್ಕೆ ನಿಜ ಅನ್ನಿಸಿದರೆ ಸಾಕು, ಜಾಮೀನು ಸಿಗುವುದಿಲ್ಲ. ವಿಚಾರಣೆ ವರ್ಷಗಟ್ಟಲೆ ನಡೆಯುವ ನಮ್ಮಲ್ಲಿ ಇದು ತೀರ್ಪಿಗೆ ಮುಂಚೆಯೇ ಶಿಕ್ಷೆ ಆಗಿಬಿಡುತ್ತದೆ.

ಸಾಮಾನ್ಯ ಕೇಸುಗಳಲ್ಲೂ ಸ್ಥಿತಿ ಚೆನ್ನಾಗಿಲ್ಲ. ಜಾಮೀನು ನಿಯಮ, ಜೈಲು ಅಪವಾದ ಎಂದು ನ್ಯಾಯಮೂರ್ತಿ ಕೃಷ್ಣ ಅಯ್ಯರ್ 1977ರಲ್ಲೇ ಬರೆದರು. 2022ರ ಕೊನೆಗೆ ದೇಶದ ಜೈಲುಗಳಲ್ಲಿ ಇದ್ದವರಲ್ಲಿ ನೂರಕ್ಕೆ 75ಕ್ಕೂ ಹೆಚ್ಚು ಜನ ಇನ್ನೂ ತೀರ್ಪು ಬಾರದ ವಿಚಾರಣಾಧೀನರು. ಜಾಮೀನು ಆದೇಶ ಸಿಕ್ಕರೂ ಶ್ಯೂರಿಟಿ ಕೊಡುವವರಿಲ್ಲದೆ ಒಳಗೇ ಉಳಿದವರೂ ಅವರಲ್ಲಿದ್ದಾರೆ.

ಅದಕ್ಕೇ ಒಂದೆರಡು ಉಪಯೋಗದ ವಿಷಯ. ಚಾರ್ಜ್‌ಶೀಟ್ 60 ದಿನದೊಳಗೆ, ದೊಡ್ಡ ಅಪರಾಧವಾದರೆ 90 ದಿನದೊಳಗೆ ಬರದಿದ್ದರೆ ಜಾಮೀನು ಕೇಳುವುದು ಆರೋಪಿಯ ಹಕ್ಕು. ಹಿಂದೆ ಯಾವ ಅಪರಾಧದಲ್ಲೂ ಶಿಕ್ಷೆಯಾಗದವರು ಗರಿಷ್ಠ ಶಿಕ್ಷೆಯ ಮೂರನೇ ಒಂದು ಭಾಗ, ಉಳಿದವರು ಅರ್ಧ ಭಾಗ ಜೈಲಿನಲ್ಲಿ ಕಳೆದಿದ್ದರೆ ಬಿಡುಗಡೆ ಕೇಳಬಹುದು. ಇದು ಕ್ರಿಮಿನಲ್ ಕೇಸುಗಳ ನಡಾವಳಿಯ ಹೊಸ ಕಾನೂನಾದ ನಾಗರಿಕ ಸುರಕ್ಷಾ ಸಂಹಿತೆಯ 479ನೇ ಕಲಮು. ಮರಣದಂಡನೆ, ಜೀವಾವಧಿಯ ಕೇಸುಗಳಿಗೂ, ಬೇರೆ ಕೇಸುಗಳು ಬಾಕಿ ಇರುವವರಿಗೂ ಇದು ಅನ್ವಯಿಸುವುದಿಲ್ಲ. ಬಂಧನದಲ್ಲಿರುವ ಯಾರಿಗೇ ಆಗಲಿ, ಆದಾಯ ಎಷ್ಟೇ ಇರಲಿ, ಸರ್ಕಾರದ ಖರ್ಚಿನಲ್ಲಿ ವಕೀಲರು ಸಿಗುತ್ತಾರೆ. ಧಾರವಾಡ, ಗದಗ, ಹಾವೇರಿಯ ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರದಲ್ಲಿ ಮನೆಯವರೇ ಅರ್ಜಿ ಕೊಡಬಹುದು, ಇಲ್ಲವೇ 15100ಕ್ಕೆ ಫೋನ್ ಮಾಡಬಹುದು.