ಜಾನ್ ಕಜೇಲ್: ಐದೇ ಚಿತ್ರಗಳ ಪೋಷಕ ನಟ

ಪೋಷಕ ನಟನೆಯನ್ನು ಅಭ್ಯಾಸ ಮಾಡಲು ಹೊರಟವರಿಗೆ ಅಮೆರಿಕದ ಜಾನ್ ಕಜೇಲ್ ಒಳ್ಳೆಯ ಪಠ್ಯ. ನೋಡಬೇಕಾದ ಕಥಾಚಿತ್ರಗಳು ಐದೇ: ‘ದಿ ಗಾಡ್‌ಫಾದರ್’ (1972), ಅದರ ಎರಡನೇ ಭಾಗ (1974), ‘ದಿ ಕಾನ್ವರ್ಸೇಷನ್’ (1974), ‘ಡಾಗ್ ಡೇ ಆಫ್ಟರ್‌ನೂನ್’ (1975), ‘ದಿ ಡೀರ್ ಹಂಟರ್’ (1978). ಐದೂ ಅತ್ಯುತ್ತಮ ಚಿತ್ರದ ಆಸ್ಕರ್‌ಗೆ ನಾಮನಿರ್ದೇಶನಗೊಂಡವು, ಮೂರು ಗೆದ್ದವು. ರಸಪ್ರಶ್ನೆಗೆ ಇಷ್ಟು ಸಾಕು. ನಟನೆ ಕಲಿಯುವವರು ಕೇಳಬೇಕಾದದ್ದು ಬೇರೆ: ಸೋತವನ ಪಾತ್ರವನ್ನು ಈ ಮನುಷ್ಯ ಕನಿಕರ ಬೇಡದೆ ಹೇಗೆ ನಿಭಾಯಿಸಿದ?

ಜನನ 1935, ಬಾಸ್ಟನ್ ಪಕ್ಕದ ರೆವೀರ್. ಬಾಸ್ಟನ್ ವಿಶ್ವವಿದ್ಯಾಲಯದಲ್ಲಿ ನಾಟಕ ಕಲಿತು ನ್ಯೂಯಾರ್ಕ್‌ಗೆ ಬಂದರು. ಹೊಟ್ಟೆಪಾಡಿಗೆ ತೈಲ ಕಂಪನಿಯೊಂದರಲ್ಲಿ ಕಾಗದಪತ್ರ ತಲುಪಿಸುವ ಕೆಲಸ. ಅಲ್ಲೇ ಅದೇ ಕೆಲಸದಲ್ಲಿದ್ದ ಅಲ್ ಪಚಿನೊ ಪರಿಚಯವಾದರು.

ಇಬ್ಬರೂ ಕೂಡಿ ಅಭಿನಯಿಸಿದ ಇಸ್ರೇಲ್ ಹೊರೊವಿಟ್ಸ್ ಅವರ ನಾಟಕವೊಂದು ನಮಗೆ ಮುಖ್ಯ. ಅದರಲ್ಲಿ ಕಜೇಲ್ ಪಾತ್ರ ಗುಪ್ತಾ ಎಂಬ ಭಾರತೀಯ. ಮಗನನ್ನು ಕಾಣಲು ನ್ಯೂಯಾರ್ಕ್‌ಗೆ ಬಂದು ದಾರಿ ತಪ್ಪಿದವನು, ಇಂಗ್ಲಿಷ್ ಬಾರದವನು. ಇಬ್ಬರು ಪುಂಡರು ಅವನನ್ನು ಕಾಡುತ್ತಾರೆ. ಭಾರತೀಯನ ವೇಷವನ್ನು ಬಿಳಿಯ ನಟ ಹಾಕುವುದನ್ನು ಇಂದು ಯಾರೂ ಒಪ್ಪಲಾರರು, ಅದು ಬೇರೆ ಚರ್ಚೆ. ಕಲಿಕೆಯ ದೃಷ್ಟಿಯಿಂದ ನೋಡಿದರೆ, ಎದುರಿಗಿದ್ದವರಿಗೆ ಮಾತು ಅರ್ಥವಾಗದಿದ್ದಾಗ ನಟನಿಗೆ ಉಳಿಯುವುದು ಕಣ್ಣು, ಕುತ್ತಿಗೆ, ಕೈಗಳು ಮಾತ್ರ. ಈ ನಾಟಕಕ್ಕಾಗಿ 1968ರಲ್ಲಿ ಇಬ್ಬರಿಗೂ ನ್ಯೂಯಾರ್ಕ್ ರಂಗಭೂಮಿಯ ಓಬಿ ಪ್ರಶಸ್ತಿ ಬಂತು.

ಈಗ ‘ಗಾಡ್‌ಫಾದರ್’ ಎರಡನೇ ಭಾಗದ ದೃಶ್ಯವೊಂದನ್ನು ನಿಧಾನವಾಗಿ ನೋಡಿ. ಮಾಫಿಯಾ ಕುಟುಂಬದ ಯಜಮಾನನಾದ ತಮ್ಮ ಮೈಕೆಲ್ (ಪಚಿನೊ), ಅಣ್ಣ ಫ್ರೆಡೊನನ್ನು (ಕಜೇಲ್) ವಿಚಾರಿಸುತ್ತಿದ್ದಾನೆ. ಫ್ರೆಡೊ ಒರಗು ಕುರ್ಚಿಯಲ್ಲಿ ಬಿದ್ದುಕೊಂಡಿದ್ದಾನೆ. ತನ್ನನ್ನು ಬಿಟ್ಟು ತಮ್ಮನಿಗೆ ಯಜಮಾನಿಕೆ ಸಿಕ್ಕಿದ ಸಂಕಟ ಒಮ್ಮೆಲೇ ಹೊರಬರುತ್ತದೆ: ತಾನೂ ಬುದ್ಧಿವಂತ, ತನಗೂ ಮರ್ಯಾದೆ ಬೇಕು ಎಂದು ಕೂಗುತ್ತಾನೆ. ಇಲ್ಲಿ ಬೇರೆ ನಟನಾದರೆ ಎದ್ದು ನಿಂತು ಅಬ್ಬರಿಸಿಬಿಡುತ್ತಿದ್ದ. ಕಜೇಲ್ ಮೈ ಮೇಲೇಳಲು ಹವಣಿಸುತ್ತದೆ, ಕುರ್ಚಿ ಬಿಡುವುದಿಲ್ಲ. ಕೈಗಳು ಗಾಳಿಯಲ್ಲಿ ಒದ್ದಾಡುತ್ತವೆ. ಬುದ್ಧಿವಂತನೆಂದು ಹೇಳಿಕೊಳ್ಳುವವನಿಗೆ ನೆಟ್ಟಗೆ ಕೂರಲೂ ಆಗುತ್ತಿಲ್ಲ. ಸಂಭಾಷಣೆ ಹೇಳುವುದೊಂದು, ದೇಹ ಹೇಳುವುದೊಂದು. ಕಿರುಚಾಟವಿದ್ದರೂ ದೃಶ್ಯ ಅತಿನಾಟಕವಾಗದಿರುವುದು ಇದರಿಂದಲೇ.

ಆ ವರ್ಷದ ಪೋಷಕ ನಟ ವಿಭಾಗದಲ್ಲಿ ಇದೇ ಚಿತ್ರದ ಮೂವರು ನಾಮನಿರ್ದೇಶನ ಪಡೆದರು: ರಾಬರ್ಟ್ ಡಿ ನಿರೊ, ಲೀ ಸ್ಟ್ರಾಸ್‌ಬರ್ಗ್, ಮೈಕೆಲ್ ಗಾಜೊ. ಗೆದ್ದದ್ದು ಡಿ ನಿರೊ. ಫ್ರೆಡೊನನ್ನು ಬಿಟ್ಟದ್ದು ನನ್ನ ಪ್ರಕಾರ ದೊಡ್ಡ ಕುರುಡುತನ. ಕಜೇಲ್‌ಗೆ ಆಸ್ಕರ್ ನಾಮನಿರ್ದೇಶನ ಕೊನೆವರೆಗೂ ಸಿಗಲಿಲ್ಲ.

‘ಡಾಗ್ ಡೇ ಆಫ್ಟರ್‌ನೂನ್’ 1972ರ ನಿಜವಾದ ಬ್ರೂಕ್ಲಿನ್ ಬ್ಯಾಂಕ್ ದರೋಡೆಯನ್ನು ಆಧರಿಸಿದ್ದು. ದರೋಡೆಕೋರ ಸಾಲ್‌ನನ್ನು (ಕಜೇಲ್) ಜೊತೆಗಾರನ ಪಾತ್ರದ ಪಚಿನೊ ಕೇಳುತ್ತಾರೆ: ತಪ್ಪಿಸಿಕೊಂಡು ಯಾವ ದೇಶಕ್ಕೆ ಹೋಗೋಣ? ‘ವಯೋಮಿಂಗ್’ ಎನ್ನುತ್ತಾನೆ ಸಾಲ್. ಅದು ಅಮೆರಿಕದ್ದೇ ಒಂದು ರಾಜ್ಯ. ಚಿತ್ರೀಕರಣದ ವೇಳೆ ಕಜೇಲ್‌ಗೆ ತಾನಾಗಿ ಹೊಳೆದ ಉತ್ತರವಿದು. ಗಮನಿಸಿ, ನಗಿಸುವ ಇರಾದೆಯ ಸುಳಿವೂ ಮುಖದಲ್ಲಿಲ್ಲ. ಸಾಲ್ ಪೂರ್ತಿ ಗಂಭೀರ. ನಗು ಬರುತ್ತದೆ, ಬೆನ್ನಿಗೇ ಭಯವೂ ಬರುತ್ತದೆ, ಏಕೆಂದರೆ ಅವನ ಕೈಯಲ್ಲಿ ಬಂದೂಕಿದೆ.

‘ದಿ ಡೀರ್ ಹಂಟರ್’ ವೇಳೆಗೆ ಶ್ವಾಸಕೋಶದ ಕ್ಯಾನ್ಸರ್ ಬಲಿತಿತ್ತು. ನಿರ್ದೇಶಕ ಮೈಕೆಲ್ ಚಿಮಿನೊ, ಕಜೇಲ್ ದೃಶ್ಯಗಳನ್ನೇ ಮೊದಲು ಚಿತ್ರೀಕರಿಸಿದರು. ಅದೇ ಚಿತ್ರದಲ್ಲಿದ್ದ ಸಂಗಾತಿ ಮೆರಿಲ್ ಸ್ಟ್ರೀಪ್ ಕೊನೆಯವರೆಗೂ ಜೊತೆಗಿದ್ದು ಆರೈಕೆ ಮಾಡಿದರು. 1978ರ ಮಾರ್ಚ್‌ನಲ್ಲಿ, 42ನೇ ವಯಸ್ಸಿನಲ್ಲಿ ಕಜೇಲ್ ತೀರಿಕೊಂಡರು. ಚಿತ್ರ ಬಿಡುಗಡೆಯಾದದ್ದು ಡಿಸೆಂಬರ್‌ನಲ್ಲಿ.

ಅಭ್ಯಾಸಕ್ಕೆ: ಮೊದಲ ‘ಗಾಡ್‌ಫಾದರ್’ನ ಲಾಸ್ ವೇಗಸ್ ದೃಶ್ಯವನ್ನು ಎರಡು ಸಲ ನೋಡಿ. ಎರಡನೇ ಸಲ ಮೈಕೆಲ್ ಮತ್ತು ಕ್ಯಾಸಿನೊ ಒಡೆಯ ಮೋ ಗ್ರೀನ್ ಜಗಳವಾಡುವಾಗ ಇಬ್ಬರನ್ನೂ ಬಿಟ್ಟು ಫ್ರೆಡೊನನ್ನೇ ಹಿಂಬಾಲಿಸಿ, ಅವನ ಕಣ್ಣು ಯಾವ ಮಾತಿಗೆ ಯಾರ ಕಡೆ ತಿರುಗುತ್ತದೆ ಎಂದು ಬರೆದುಕೊಳ್ಳಿ.